ನೆಲದ ಸದ್ದಿಗೆ ಕಿವಿಯೇ ಮೊದಲ ಸಾಕ್ಷಿ

2022ರ ಜೂನ್ 23ರಂದು ಬೆಳಗಿನ ಜಾವ 4.37ರ ವೇಳೆಗೆ ಹಾಸನ ಜಿಲ್ಲೆಯಲ್ಲಿ ಭೂಮಿ ಕಂಪಿಸಿತು. ರಿಕ್ಟರ್ ಮಾಪಕದಲ್ಲಿ 3.4ರಷ್ಟಿದ್ದ ಈ ಕಂಪನದ ಕೇಂದ್ರಬಿಂದು ಹೊಳೆನರಸೀಪುರ ತಾಲ್ಲೂಕಿನಲ್ಲಿತ್ತು ಎಂದು ರಾಜ್ಯ ನೈಸರ್ಗಿಕ ವಿಕೋಪ ಉಸ್ತುವಾರಿ ಕೇಂದ್ರ ತಿಳಿಸಿತು. ಅರಕಲಗೂಡು ಸೀಮೆಯಲ್ಲಿಯೂ, ನೆರೆಯ ಕೊಡಗಿನ ಸೋಮವಾರಪೇಟೆಯ ಕಡೆಯೂ ಅದರ ಅನುಭವವಾಯಿತು. ನೆಲ ನಡುಗುವುದರ ಜೊತೆಗೆ ಗುಡುಗಿನಂತಹ ಸದ್ದೂ ಕೇಳಿತೆಂದು ಜನ ಹೇಳಿದರು. ನಡುಕವನ್ನು ಯಂತ್ರ ದಾಖಲಿಸಿತು. ಸದ್ದಿನ ಮಾತು ಮಾತ್ರ ಅಂದಿನ ಸುದ್ದಿಯೊಂದಿಗೇ ಮರೆಯಾಯಿತು. ಅದನ್ನು ಭಯದ ಉತ್ಪ್ರೇಕ್ಷೆ ಎಂದು ತಳ್ಳಿಹಾಕುವವರೇ ಹೆಚ್ಚು. ವಿಜ್ಞಾನ ಹಾಗೆ ಹೇಳುವುದಿಲ್ಲ.

ಭೂಕಂಪದಿಂದ ಮೊದಲು ಹೊರಡುವ ಪ್ರಾಥಮಿಕ ಅಲೆಗಳು ಗಟ್ಟಿ ಬಂಡೆಯಲ್ಲಿ ಸೆಕೆಂಡಿಗೆ ಐದಾರು ಕಿಲೋಮೀಟರ್ ವೇಗದಲ್ಲಿ ಚಲಿಸುತ್ತವೆ. ಸ್ವಭಾವದಲ್ಲಿ ಇವು ಶಬ್ದದ ಅಲೆಗಳೇ. ಶಿಲೆಯನ್ನು ಒತ್ತುತ್ತಾ, ಸಡಿಲಿಸುತ್ತಾ ಸಾಗುತ್ತವೆ. ನೆಲದ ಮೇಲ್ಮೈಗೆ ಬಂದಾಗ ಅವುಗಳ ಶಕ್ತಿಯ ಅಲ್ಪಭಾಗ ಗಾಳಿಗೆ ದಾಟುತ್ತದೆ. ಮನೆಯನ್ನು ಅಲುಗಾಡಿಸುವ ಎರಡನೆಯ ಅಲೆಗಳು ನಿಧಾನವಾಗಿ ಹಿಂದೆ ಬರುತ್ತವೆ. ಪ್ರತಿ ಎಂಟು ಕಿಲೋಮೀಟರಿಗೆ ಸುಮಾರು ಒಂದು ಸೆಕೆಂಡಿನ ಅಂತರ. ಹೀಗಾಗಿ 'ಮೊದಲು ಗುಡುಗಿತು, ಆಮೇಲೆ ಮಂಚ ಅಲುಗಾಡಿತು' ಎಂದು ಯಾರಾದರೂ ಹೇಳಿದರೆ ಅದು ಭೂಕಂಪಶಾಸ್ತ್ರದ ಪಾಠಕ್ಕೆ ಅಕ್ಷರಶಃ ಒಪ್ಪುವ ಹೇಳಿಕೆ. ಹಳೆ ಮೈಸೂರು ಪ್ರಾಂತ್ಯದ ತಳದಲ್ಲಿರುವ ಪುರಾತನ ಗಟ್ಟಿ ಶಿಲೆ ಹೆಚ್ಚು ಆವರ್ತನದ ಕಂಪನವನ್ನು ಬೇಗ ಹೀರಿಕೊಳ್ಳುವುದಿಲ್ಲವಾದ್ದರಿಂದ ಇಲ್ಲಿ ಸಣ್ಣ ಕಂಪನವೂ ಸದ್ದು ಮಾಡಬಲ್ಲದು. ಆದರೆ ದೂರ ಹೆಚ್ಚಿದಂತೆ ಆ ಭಾಗವೇ ಮೊದಲು ಕ್ಷೀಣಿಸುತ್ತದೆ. ಹೊಳೆನರಸೀಪುರದಲ್ಲಿ ಗುಡುಗಿದ್ದು ಹಾಸನಕ್ಕೋ ಚನ್ನರಾಯಪಟ್ಟಣಕ್ಕೋ ಕೇಳಿಸದಿದ್ದರೆ ಯಾರೂ ಸುಳ್ಳು ಹೇಳಿದಂತಾಗುವುದಿಲ್ಲ.

ಇನ್ನು ಕಿವಿಯ ವಿಚಾರ. ಮನುಷ್ಯನ ಶ್ರವಣದ ವ್ಯಾಪ್ತಿ ಸುಮಾರು 20ರಿಂದ 20,000 ಹರ್ಟ್ಸ್. ಭೂಕಂಪದ ಸದ್ದು ಇದರ ಕೆಳಗಿನ ಅಂಚಿನಲ್ಲಿರುತ್ತದೆ. ಆ ಅಂಚಿನಲ್ಲಿ ನಮ್ಮ ಕಿವಿ ಬಹಳ ಮಂದ. 20 ಹರ್ಟ್ಸ್ ಸಮೀಪದ ಧ್ವನಿ 70 ಡೆಸಿಬಲ್‌ಗೂ ಮಿಗಿಲಾಗಿದ್ದರೆ ಮಾತ್ರ ಅರಿವಿಗೆ ಬರುತ್ತದೆ, ಅದೂ ವ್ಯಕ್ತಿಯಿಂದ ವ್ಯಕ್ತಿಗೆ ಬೇರೆ. ಒಂದೇ ಮನೆಯಲ್ಲಿ ಒಬ್ಬರಿಗೆ ಕೇಳಿ ಮತ್ತೊಬ್ಬರಿಗೆ ಕೇಳದಿರುವುದು ಇದೇ ಕಾರಣಕ್ಕೆ. ಭೂಕಂಪದ ಸದ್ದುಗಳ ಕುರಿತು ನೂರಾರು ವರದಿ ಕಲೆಹಾಕಿದ ಬ್ರಿಟನ್ನಿನ ಚಾರ್ಲ್ಸ್ ಡೇವಿಸನ್ ಕಳೆದ ಶತಮಾನದಲ್ಲಿಯೇ ಇದನ್ನು ಗುರುತಿಸಿದ್ದರು. ತಗ್ಗು ಸ್ವರ ಎತ್ತಲಿಂದ ಬಂದಿತೆಂಬುದನ್ನು ಕಿವಿ ನಿರ್ಧರಿಸಲಾರದು. ಆದುದರಿಂದಲೇ ಒಬ್ಬರು ಪಾತಾಳದಿಂದ ಎಂದರೆ ಮತ್ತೊಬ್ಬರು ಆಕಾಶದಿಂದ ಎನ್ನುತ್ತಾರೆ. ಬೆಳಗಿನ ಜಾವದ ನಿಶ್ಶಬ್ದವೂ ಹಾಸನದ ಸದ್ದಿಗೆ ಒದಗಿಬಂದಿರಬೇಕು. ಹಗಲಿನ ಬಸ್ ನಿಲ್ದಾಣದ ಗದ್ದಲದಲ್ಲಿ ಅದು ಯಾರ ಗಮನಕ್ಕೂ ಬರುತ್ತಿರಲಿಲ್ಲವೇನೋ!

ಕೇಳಿದ ಸದ್ದೆಲ್ಲ ಭೂಕಂಪವಲ್ಲ ಎಂಬುದೂ ಅಷ್ಟೇ ನಿಜ. 2020ರ ಮೇ 20ರಂದು ಬೆಂಗಳೂರನ್ನು ಬೆಚ್ಚಿಬೀಳಿಸಿದ ಸ್ಫೋಟದ ಸದ್ದು ಶಬ್ದಾತೀತ ವೇಗದ ವಾಯುಪಡೆ ವಿಮಾನದ್ದು ಎಂಬ ವಿವರಣೆ ಬಂತು. ಕೃಷ್ಣರಾಜಸಾಗರದ ಬಳಿ 2018ರಲ್ಲಿ ದಾಖಲಾದ ಕಂಪನದ ಬೆರಳು ಬೇಬಿಬೆಟ್ಟದ ಕಲ್ಲು ಗಣಿಗಾರಿಕೆಯತ್ತ ಚಾಚಿತು. ವಿಮಾನದ ಸದ್ದು ಗಾಳಿಯಲ್ಲಿ ಬರುತ್ತದೆ. ಗುಡುಗು ಮತ್ತು ಕಿಟಕಿಯ ಅದುರು ಒಟ್ಟಿಗೇ ಆಗುತ್ತವೆ. ಸಿಡಿಮದ್ದಿಗೆ ಸಾಮಾನ್ಯವಾಗಿ ನಿಗದಿತ ವೇಳೆಯಿರುತ್ತದೆ. ಈ ವ್ಯತ್ಯಾಸಗಳನ್ನು ಜನರಿಗೆ ತಿಳಿಸಿಕೊಡುವುದು ಜಿಲ್ಲಾಡಳಿತಕ್ಕೆ ಕಷ್ಟದ ಕೆಲಸವೇನಲ್ಲ.

ಹಾಗೆ ತಿಳಿಸದಿದ್ದರೆ ಏನಾಗುತ್ತದೆ ಎಂಬುದನ್ನು ಕಲಬುರಗಿ ಜಿಲ್ಲೆಯ ಗಡಿಕೇಶ್ವರ ತೋರಿಸಿತು. ಭೂಮಿಯೊಳಗಿನ ಸದ್ದಿನ ಬಗ್ಗೆ ಅಲ್ಲಿ ಹಲವು ವರ್ಷಗಳಿಂದ ದೂರು ಇತ್ತು. 2021ರ ಅಕ್ಟೋಬರ್‌ನಲ್ಲಿ 4.1ರಷ್ಟು ಕಂಪನವಾದಾಗ ಗ್ರಾಮಸ್ಥರು ಮನೆ ತೊರೆದು ಹೊರಟರು. ಸುಣ್ಣದ ಕಲ್ಲಿನ ಪದರಕ್ಕೆ ಮಳೆನೀರು ಇಳಿಯುವುದರಿಂದ ಹೀಗಾಗುತ್ತದೆಂಬ ವಿವರಣೆ ಆಗ ಕೇಳಿಬಂತು. ಅದೇ ಮಾತು ನಾಲ್ಕು ವರ್ಷ ಮೊದಲೇ ಊರಿನ ಕಟ್ಟೆಯವರೆಗೆ ಹೋಗಿದ್ದರೆ ಅಷ್ಟು ಜನ ಗಂಟುಮೂಟೆ ಕಟ್ಟುತ್ತಿದ್ದರೇ?

ಹಾಸನದ ಆತಂಕಕ್ಕೆ ಇನ್ನೊಂದು ಮುಖವಿದೆ. ಗೊರೂರಿನಲ್ಲಿ ಹೇಮಾವತಿ ಅಣೆಕಟ್ಟೆಯಿದೆ; ನೆಲ ಗುಡುಗಿದರೆ ಜನರ ಮನಸ್ಸು ಅತ್ತ ಹರಿಯುವುದು ಸಹಜ. 1967ರ ಡಿಸೆಂಬರ್ 11ರ ಕೊಯ್ನಾ ಭೂಕಂಪ ನೂರಕ್ಕೂ ಹೆಚ್ಚು ಜನರನ್ನು ಬಲಿ ಪಡೆದದ್ದನ್ನು ಹಿರಿಯರು ಮರೆತಿಲ್ಲ. ಕೊಯ್ನಾದಲ್ಲಿ ಬಿಡುಗಡೆಯಾದ ಶಕ್ತಿ ಹೊಳೆನರಸೀಪುರದ್ದಕ್ಕಿಂತ ಇಪ್ಪತ್ತು ಸಾವಿರ ಪಟ್ಟಿಗೂ ಮೀರಿದ್ದು ಎಂಬ ಸರಳ ಲೆಕ್ಕವನ್ನಾದರೂ ಅಧಿಕಾರಿಗಳು ಹೇಳಬಹುದಿತ್ತು. 'ಆತಂಕಪಡುವ ಅಗತ್ಯವಿಲ್ಲ' ಎಂಬ ಒಂದು ಸಾಲಿನ ಹೇಳಿಕೆಯಿಂದ ಆತಂಕ ಕಡಿಮೆಯಾದ ನಿದರ್ಶನ ಈ ಅಂಕಣಕಾರನಿಗೆ ಗೊತ್ತಿಲ್ಲ.

ಜನರ ಅನುಭವವನ್ನು ದತ್ತಾಂಶವಾಗಿ ಸ್ವೀಕರಿಸುವ ಪದ್ಧತಿ ಹೊಸದೇನಲ್ಲ. ಅಮೆರಿಕದ ಭೂವಿಜ್ಞಾನ ಸರ್ವೇಕ್ಷಣಾ ಸಂಸ್ಥೆ 'ನಿಮಗೆ ಅನುಭವವಾಯಿತೇ' ಎಂಬ ಪ್ರಶ್ನಾವಳಿಯನ್ನು ಅಂತರಜಾಲದಲ್ಲಿ ತೆರೆದು ದಶಕಗಳೇ ಕಳೆದಿವೆ. ನಮ್ಮಲ್ಲಿ ಅದಕ್ಕೆ ಗಣಕಯಂತ್ರವೂ ಬೇಕಿಲ್ಲ. ಹೊಳೆನರಸೀಪುರ, ಅರಕಲಗೂಡು ತಾಲ್ಲೂಕುಗಳ ಗ್ರಾಮ ಪಂಚಾಯ್ತಿಗಳಲ್ಲಿ ಒಂದೊಂದು ಪುಸ್ತಕವಿದ್ದರೆ ಸಾಕು: ಎಷ್ಟು ಗಂಟೆಗೆ, ಎಷ್ಟು ಹೊತ್ತು, ಸದ್ದು ಮೊದಲೋ ನಡುಕ ಮೊದಲೋ, ಮನೆಯಲ್ಲಿ ಎಷ್ಟು ಮಂದಿಗೆ ಕೇಳಿಸಿತು.