ಗೃಹಸಾಲದ ಸ್ಥಿತಿಬಂಧ

ಭಾದ್ರಪದ ಶುದ್ಧ ಪಂಚಮಿಯಂದು ಆರಂಭವಾಗುವ ದಶಲಕ್ಷಣ ಪರ್ವ ವರ್ಷಕ್ಕೊಮ್ಮೆ ಬರುತ್ತದೆ. ಸಾಲದ ಕಂತಿನ ಐದನೆಯ ತಾರೀಖು ಪ್ರತಿ ತಿಂಗಳೂ ಬರುತ್ತದೆ. ಉತ್ತಮ ಆಕಿಂಚನ್ಯ ಧರ್ಮದ ದಿನ ಬಸದಿಯಲ್ಲಿ ಕುಳಿತು, ತನ್ನದೆಂಬುದು ಏನೂ ಇಲ್ಲವೆಂಬ ಭಾವನೆಯ ಮೇಲಿನ ಪ್ರವಚನವನ್ನು ಆಲಿಸುತ್ತಿರುವ ಶ್ರಾವಕನ ಜೇಬಿನಲ್ಲಿ ಮೊಬೈಲ್ ಕಂಪಿಸಿ, ಖಾತೆಯಿಂದ 43,391 ರೂಪಾಯಿ ಕಡಿತವಾಯಿತೆಂದು ತಿಳಿಸಬಹುದು. ಅದನ್ನು ವಿಪರ್ಯಾಸವೆಂದು ನಕ್ಕು ಸುಮ್ಮನಾಗುವುದು ಸುಲಭ. ಆದರೆ ಆ ಸಂದೇಶಕ್ಕೂ ಆ ಪ್ರವಚನಕ್ಕೂ ಹೊರನೋಟಕ್ಕೆ ಕಾಣುವುದಕ್ಕಿಂತ ಹತ್ತಿರದ ನಂಟಿದೆ.

ಐವತ್ತು ಲಕ್ಷ ರೂಪಾಯಿ ಗೃಹಸಾಲ, ಶೇ 8.5ರ ಬಡ್ಡಿ, 20 ವರ್ಷಗಳ ಅವಧಿ. ಬೆಂಗಳೂರಿನಲ್ಲಿ ಫ್ಲ್ಯಾಟ್ ಕೊಳ್ಳಹೊರಟ ಮಧ್ಯಮವರ್ಗದ ಸಂಸಾರಕ್ಕೆ ಇದು ಅಪರೂಪದ ಲೆಕ್ಕವೇನಲ್ಲ. ಇದಕ್ಕೆ ಬೀಳುವ ಮಾಸಿಕ ಕಂತೇ 43,391 ರೂಪಾಯಿ. ಸಹಿ ಹಾಕುವ ದಿನ ಗಂಡಹೆಂಡಿರು ಬ್ಯಾಂಕಿನಲ್ಲಿ ಕೇಳುವ ಪ್ರಶ್ನೆ ಸಾಮಾನ್ಯವಾಗಿ ಒಂದೇ: ‘ತಿಂಗಳಿಗೆ ಎಷ್ಟು ಬೀಳುತ್ತದೆ?’ ಒಟ್ಟು ಎಷ್ಟು ಬೀಳುತ್ತದೆ ಎಂದು ಕೇಳುವವರು ವಿರಳ. ಕೇಳಿದರೆ ಉತ್ತರ ಕಷ್ಟವೇನಲ್ಲ. 240 ಕಂತುಗಳನ್ನು ಕೂಡಿಸಿದರೆ ಒಂದು ಕೋಟಿ ನಾಲ್ಕು ಲಕ್ಷ ರೂಪಾಯಿ ದಾಟುತ್ತದೆ. ಪಡೆದದ್ದು ಐವತ್ತು ಲಕ್ಷ. ಬಡ್ಡಿಯೇ ಐವತ್ತನಾಲ್ಕು ಲಕ್ಷ.

ಇದಕ್ಕಿಂತಲೂ ಮನಸ್ಸಿಗೆ ತಟ್ಟಬೇಕಾದದ್ದು ಆ ಹಣ ಸಲ್ಲುವ ಕ್ರಮ. ಮೊದಲ ತಿಂಗಳ ಕಂತಿನಲ್ಲಿ 35,417 ರೂಪಾಯಿ ಬಡ್ಡಿಗೆ ಹೋಗುತ್ತದೆ. ಅಸಲಿಗೆ ಸಲ್ಲುವುದು 7,974 ರೂಪಾಯಿ ಮಾತ್ರ. ಐದು ವರ್ಷ ಒಂದು ಕಂತೂ ತಪ್ಪದಂತೆ ಕಟ್ಟಿದ ಮೇಲೆ ಕೈಬಿಟ್ಟ ಹಣ ಇಪ್ಪತ್ತಾರು ಲಕ್ಷ. ಇಳಿದ ಅಸಲು ಆರು ಲಕ್ಷಕ್ಕೂ ತುಸು ಕಡಿಮೆ. ಅವಧಿಯ ಅರ್ಧದಾರಿ, ಅಂದರೆ ಹತ್ತನೆಯ ವರ್ಷ ಮುಗಿದಾಗಲೂ ಮೂವತ್ತೈದು ಲಕ್ಷ ಬಾಕಿ ನಿಂತಿರುತ್ತದೆ. ಅಸಲು ಅರ್ಧಕ್ಕೆ ಇಳಿಯಬೇಕಾದರೆ ಹದಿನಾಲ್ಕನೆಯ ವರ್ಷದ ಕೊನೆಯವರೆಗೆ ಕಾಯಬೇಕು. ಗೃಹಪ್ರವೇಶದ ದಿನ ಮಡಿಲಲ್ಲಿದ್ದ ಮಗು ಅಷ್ಟರಲ್ಲಿ ಹೈಸ್ಕೂಲಿಗೆ ಬಂದಿರುತ್ತದೆ.

ಕಂತು ಭಾರವೆನಿಸಿದವರಿಗೆ ಅವಧಿಯನ್ನು 30 ವರ್ಷಕ್ಕೆ ವಿಸ್ತರಿಸುವ ದಾರಿ ತೋರಿಸಲಾಗುತ್ತದೆ. ಆಗ ಕಂತು 38,446 ರೂಪಾಯಿಗೆ ಇಳಿಯುತ್ತದೆ. ತಿಂಗಳಿಗೆ ಐದು ಸಾವಿರದಷ್ಟು ಹಗುರವಾಯಿತೆಂಬ ಸಮಾಧಾನದಲ್ಲಿ ಬಡ್ಡಿಯ ಮೊತ್ತ ಎಂಬತ್ತೆಂಟು ಲಕ್ಷ ದಾಟಿದ್ದು ಕಣ್ಣಿಗೆ ಬೀಳುವುದಿಲ್ಲ. ಅದೇ ಮನೆ, ಅದೇ ಗೋಡೆ, ಅದೇ ಸಾಲ; ಮೂವತ್ತನಾಲ್ಕು ಲಕ್ಷ ಹೆಚ್ಚು ತೆತ್ತದ್ದು ಅವಧಿಗೆ ಮಾತ್ರ. ಬಡ್ಡಿಯ ಲೆಕ್ಕ ಶ್ರಾವಕ ಸಮಾಜಕ್ಕೆ ಹೊಸದೂ ಅಲ್ಲ. ಅಂಗಡಿಯ ಗದ್ದಿಗೆಯ ಮೇಲೆ ಕುಳಿತು ಬಾಯಿಲೆಕ್ಕದಲ್ಲೇ ಬಡ್ಡಿ ಕಟ್ಟಿ ಕಿರ್ದಿ ಪುಸ್ತಕದಲ್ಲಿ ಬರೆಯುತ್ತಿದ್ದ ಅಜ್ಜಂದಿರ ಮೊಮ್ಮಕ್ಕಳು ಇಂದು ಹತ್ತಾರು ಪುಟಗಳ ಕರಾರುಪತ್ರಕ್ಕೆ ಓದದೆ ಸಹಿ ಹಾಕುತ್ತಾರೆ.

ಬ್ಯಾಂಕು ಮೋಸ ಮಾಡಿತೆಂದು ಇಲ್ಲಿ ಹೇಳುತ್ತಿಲ್ಲ. ಲೆಕ್ಕವೆಲ್ಲ ಕಾಗದದ ಮೇಲೆಯೇ ಇದೆ. ಕಟ್ಟಿಕೊಳ್ಳುವಾಗ ಕಾಣದೆ, ತೀರಿಸುವಾಗ ಕಾಣುವ ಇಂಥ ಬಂಧನದ ಸ್ವರೂಪವನ್ನು ಜೈನಾಚಾರ್ಯರು ಬೇರೊಂದು ಸಂದರ್ಭದಲ್ಲಿ ಬಹು ಹಿಂದೆಯೇ ವಿವರಿಸಿದ್ದಾರೆ.

ಉಮಾಸ್ವಾಮಿಗಳ ತತ್ತ್ವಾರ್ಥಸೂತ್ರವು ಕರ್ಮಬಂಧವನ್ನು ನಾಲ್ಕು ಬಗೆಯಾಗಿ ವಿಂಗಡಿಸುತ್ತದೆ. ಕಟ್ಟಿಕೊಂಡ ಕರ್ಮ ಯಾವ ಸ್ವಭಾವದ್ದು ಎಂಬುದು ಪ್ರಕೃತಿಬಂಧ. ಎಷ್ಟು ಪ್ರಮಾಣದಲ್ಲಿ ಬಂದು ಸೇರಿತು ಎಂಬುದು ಪ್ರದೇಶಬಂಧ. ಎಷ್ಟು ಕಾಲ ಅಂಟಿಕೊಂಡಿರುತ್ತದೆ ಎಂಬುದು ಸ್ಥಿತಿಬಂಧ. ಎಷ್ಟು ತೀವ್ರವಾಗಿ ಫಲ ಕೊಡುತ್ತದೆ ಎಂಬುದು ಅನುಭಾಗಬಂಧ. ಶ್ರವಣಬೆಳಗೊಳದ ಗೊಮ್ಮಟೇಶ್ವರ ಮೂರ್ತಿಯನ್ನು ಕಡೆಸಿದ ಚಾವುಂಡರಾಯನಿಗೆ ಗುರುಗಳಾಗಿದ್ದ ನೇಮಿಚಂದ್ರ ಸಿದ್ಧಾಂತ ಚಕ್ರವರ್ತಿಗಳು ಗೊಮ್ಮಟಸಾರದ ಕರ್ಮಕಾಂಡದಲ್ಲಿ ಇದನ್ನೇ ವಿಸ್ತರಿಸಿದ್ದಾರೆ. ಗೃಹಸಾಲದ ಕಾಗದವನ್ನು ಈ ನಾಲ್ಕರ ಬೆಳಕಿನಲ್ಲಿ ಓದಿದರೆ ಸಾಲದ ಬಗೆ ಪ್ರಕೃತಿಯಂತೆ, ಅಸಲು ಪ್ರದೇಶದಂತೆ, ಅವಧಿ ಸ್ಥಿತಿಯಂತೆ, ಬಡ್ಡಿದರ ಅನುಭಾಗದಂತೆ ತೋರುತ್ತದೆ. ಬ್ಯಾಂಕಿನ ಸಾಲ ಕರ್ಮವಲ್ಲ, ಉಪಮೆಯನ್ನು ಉಪಮೆಯಾಗಿಯೇ ಇಟ್ಟುಕೊಳ್ಳಬೇಕು, ನಿಜ. ಆದರೂ ಶಾಸ್ತ್ರ ಮುಂದೆ ಹೇಳುವ ಮಾತು ಗೃಹಸ್ಥನ ಎದೆಗೆ ನೇರವಾಗಿ ನಾಟುತ್ತದೆ. ಪ್ರಕೃತಿ ಮತ್ತು ಪ್ರದೇಶಗಳು ಮನ, ವಚನ, ಕಾಯಗಳ ಚಲನೆಯಾದ ಯೋಗದಿಂದ ನಿಶ್ಚಯವಾಗುತ್ತವೆ. ಸ್ಥಿತಿ ಮತ್ತು ಅನುಭಾಗಗಳು ಕಷಾಯದಿಂದ, ಅಂದರೆ ಕ್ರೋಧ, ಮಾನ, ಮಾಯೆ, ಲೋಭಗಳಿಂದ ನಿಶ್ಚಯವಾಗುತ್ತವೆ. ಬದುಕಿದ್ದವನು ಏನಾದರೊಂದು ಕ್ರಿಯೆ ಮಾಡಿಯೇ ಮಾಡುತ್ತಾನೆ. ಅಂಟಿದ್ದು ಎಷ್ಟು ಕಾಲ ಉಳಿಯಬೇಕು, ಎಷ್ಟು ಸುಡಬೇಕು ಎಂಬುದನ್ನು ಅವನ ಕಷಾಯ ತೀರ್ಮಾನಿಸುತ್ತದೆ.

ಸಂಸಾರಿಗೆ ಮನೆ ಬೇಕು. ಶ್ರಾವಕಾಚಾರವು ಗೃಹಸ್ಥನಿಗೆ ಮನೆಯನ್ನು ನಿಷೇಧಿಸಿಲ್ಲ. ಮಹಾವ್ರತಗಳ ಭಾರವನ್ನು ಅವನ ಮೇಲೆ ಹೊರಿಸಿಯೂ ಇಲ್ಲ. ಹನ್ನೆರಡನೆಯ ಶತಮಾನದ ಹೇಮಚಂದ್ರಾಚಾರ್ಯರು ಯೋಗಶಾಸ್ತ್ರದಲ್ಲಿ ಸದ್ಗೃಹಸ್ಥನ ಗುಣಗಳನ್ನು ಎಣಿಸುವಾಗ ಅವನ ಮನೆಯ ಮಾತನ್ನೂ ಎತ್ತುತ್ತಾರೆ: ಅದು ತೀರಾ ಬಯಲಲ್ಲಿಯೂ ಇರಬಾರದು, ತೀರಾ ಮರೆಯಲ್ಲಿಯೂ ಇರಬಾರದು, ನೆರೆಹೊರೆ ಒಳ್ಳೆಯದಿರಬೇಕು, ಹೊರಹೋಗುವ ಬಾಗಿಲುಗಳು ಹೆಚ್ಚಾಗಿರಬಾರದು. ಆದಾಯಕ್ಕೆ ತಕ್ಕ ವೆಚ್ಚ ಮಾಡುವುದೂ ಅದೇ ಗುಣಗಳ ಸಾಲಿನಲ್ಲಿದೆ. ಈಜುಕೊಳದ ಪ್ರಸ್ತಾಪ ಅಲ್ಲಿಲ್ಲ.

ಎರಡು ಕೋಣೆಯ ಮನೆ ಸಾಕಾಗಿದ್ದ ಸಂಸಾರ ಮೂರು ಕೋಣೆಯ ಮನೆಗೆ ಮನಸೋಲುವ ಗಳಿಗೆಯನ್ನು ಗಮನಿಸಿ. ಬಹುಪಾಲು ಆ ಗಳಿಗೆಯಲ್ಲಿ ಅಲ್ಲಿ ಇನ್ನೊಬ್ಬರು ಅದೃಶ್ಯವಾಗಿ ನಿಂತಿರುತ್ತಾರೆ: ಕಚೇರಿಯ ಸಹೋದ್ಯೋಗಿ, ಷಡ್ಡಕ, ಓರಗಿತ್ತಿಯ ತಮ್ಮ. ಸಮಂತಭದ್ರಾಚಾರ್ಯರು ರತ್ನಕರಂಡಕ ಶ್ರಾವಕಾಚಾರದಲ್ಲಿ ಪರಿಗ್ರಹ ಪರಿಮಾಣ ವ್ರತಕ್ಕೆ ಇಚ್ಛಾಪರಿಮಾಣವೆಂಬ ಇನ್ನೊಂದು ಹೆಸರನ್ನು ಕೊಟ್ಟರು. ಅಳೆಯಬೇಕಾದದ್ದು ಚದರಡಿಯಲ್ಲ, ಇಚ್ಛೆ. ಆ ವ್ರತಕ್ಕೆ ಅವರು ಹೇಳುವ ಐದು ಅತಿಚಾರಗಳಲ್ಲಿ ಅತಿಸಂಗ್ರಹ, ಲೋಭಗಳ ಜೊತೆಗೆ ವಿಸ್ಮಯವೂ ಇದೆ, ಅತಿಭಾರವಹನವೂ ಇದೆ. ಪರರ ಸಂಪತ್ತನ್ನು ಕಂಡು ಬೆರಗಾಗುವುದೂ ವ್ರತಕ್ಕೆ ದೋಷವೆಂದು ಗುರುತಿಸಿದ ಆ ಸೂಕ್ಷ್ಮದೃಷ್ಟಿಗೆ ತಲೆಬಾಗಲೇಬೇಕು. ಅತಿಭಾರವಹನವೆಂದರೆ ಲಾಭದ ಆಸೆಯಿಂದ ಎತ್ತು, ಕುದುರೆಗಳ ಮೇಲೆ ತಾಳಲಾಗದ ಹೊರೆ ಹೇರುವುದು. ಇಂದು ಎತ್ತಿನ ಗಾಡಿಗಳಿಲ್ಲ. ಹೊರೆ ಬೀಳುವುದು ಹೆಂಡತಿಯ ಸಂಬಳದ ಮೇಲೆ, ಹೊತ್ತು ಮೀರಿ ಮನೆಗೆ ಬರುವ ಗಂಡನ ಬೆನ್ನಿನ ಮೇಲೆ, ಊರಿನಲ್ಲಿ ಔಷಧಿಯ ಖರ್ಚನ್ನು ಮಗನಿಗೆ ಹೇಳಲು ಹಿಂಜರಿಯುವ ತಂದೆಯ ಮೇಲೆ.

ಕಂತು ಕಟ್ಟಲು ಕಷ್ಟವಾದಾಗ ಸಂಸಾರ ಮೊದಲು ಬಿಡುವುದು ಯಾವುದನ್ನು? ಕೇಬಲ್ ಸಂಪರ್ಕವನ್ನಲ್ಲ. ಆಹಾರ, ಔಷಧ, ಶಾಸ್ತ್ರ, ಅಭಯವೆಂಬ ಚತುರ್ವಿಧ ದಾನಕ್ಕೆಂದು ತೆಗೆದಿಡುತ್ತಿದ್ದ ಹಣ ಮೊದಲು ನಿಲ್ಲುತ್ತದೆ. ‘ಸಾಲ ಮುಗಿಯಲಿ, ಆಮೇಲೆ ನೋಡೋಣ’ ಎಂಬ ಮಾತು ಬರುತ್ತದೆ. ಅನಂತರ ಶನಿವಾರದ ಹೆಚ್ಚುವರಿ ಕೆಲಸ, ಭಾನುವಾರದ ಆಯಾಸ, ಸ್ವಾಧ್ಯಾಯಕ್ಕೆ ಹೊತ್ತಿಲ್ಲ. ಅನ್ಯಾಯವೆಂದು ಕಂಡ ಕೆಲಸವನ್ನು ಮೇಲಧಿಕಾರಿ ಮಾಡೆಂದಾಗ ‘ಆಗದು’ ಎನ್ನುವ ಧೈರ್ಯ ಉಳಿದಿರುವುದಿಲ್ಲ. ನೌಕರಿ ಹೋದರೆ ಐದನೆಯ ತಾರೀಖು ಕಾಯುವುದಿಲ್ಲವಲ್ಲ! ಗೃಹಸಾಲದ ನಿಜವಾದ ಬೆಲೆಯಲ್ಲಿ ಇವನ್ನೆಲ್ಲ ಸೇರಿಸಿಯೇ ಕೂಡಬೇಕು. ಸತ್ಯಾಣುವ್ರತ, ಅಚೌರ್ಯಾಣುವ್ರತಗಳಿಗೆ ಬೇಕಾದ ಸ್ವಾತಂತ್ರ್ಯವನ್ನೇ ಇಪ್ಪತ್ತು ವರ್ಷಕ್ಕೆ ಅಡವಿಟ್ಟವನ ಲೆಕ್ಕದಲ್ಲಿ ಐವತ್ತನಾಲ್ಕು ಲಕ್ಷದ ಬಡ್ಡಿ ಸಣ್ಣ ಅಂಕಿ.

ಅವಧಿ ತನಗರಿವಿಲ್ಲದೆ ಬೆಳೆಯುವುದೂ ಉಂಟು. 2022ರ ಮೇ ತಿಂಗಳಿಂದ 2023ರ ಫೆಬ್ರುವರಿಯೊಳಗೆ ರಿಸರ್ವ್ ಬ್ಯಾಂಕ್ ರೆಪೊ ದರವನ್ನು ಶೇ 4ರಿಂದ ಶೇ 6.5ಕ್ಕೆ ಏರಿಸಿತು. ಬದಲಾಗುವ ಬಡ್ಡಿದರದ ಸಾಲಗಾರರಲ್ಲಿ ಅನೇಕರಿಗೆ ಕಂತು ಹೆಚ್ಚಲಿಲ್ಲ, ಅವಧಿ ಹೆಚ್ಚಿತು. ಶೇ 6.75ರ ದರದಲ್ಲಿ 20 ವರ್ಷಕ್ಕೆ ಐವತ್ತು ಲಕ್ಷ ಪಡೆದವನ ಕಂತು 38,018 ರೂಪಾಯಿ. ಸಾಲದ ಆರಂಭದಲ್ಲಿಯೇ ದರ ಶೇ 9.25 ಆದರೆ ತಿಂಗಳ ಬಡ್ಡಿಯೇ 38,542 ರೂಪಾಯಿ. ಕಂತು ಪೂರ್ತಿ ಕಟ್ಟಿಯೂ ಸಾಲ ಬೆಳೆಯುವ ಸ್ಥಿತಿ ಅದು. 2023ರ ಆಗಸ್ಟಿನಲ್ಲಿ ರಿಸರ್ವ್ ಬ್ಯಾಂಕ್, ದರ ಬದಲಾದಾಗ ಕಂತನ್ನು ಹೆಚ್ಚಿಸಬೇಕೋ, ಅವಧಿಯನ್ನು ವಿಸ್ತರಿಸಬೇಕೋ ಎಂಬ ಆಯ್ಕೆಯನ್ನು ಸಾಲಗಾರನಿಗೆ ಕೊಡಬೇಕೆಂದು ಬ್ಯಾಂಕುಗಳಿಗೆ ಸೂಚಿಸಿತು. ಆಯ್ಕೆ ಇದೆಯೆಂದು ತಿಳಿದವನಿಗಷ್ಟೇ ಅದು ಆಯ್ಕೆ. ವರ್ಷಕ್ಕೊಮ್ಮೆಯಾದರೂ ಸಾಲದ ಲೆಕ್ಕಪತ್ರ ತರಿಸಿ, ಉಳಿದ ಕಂತುಗಳೆಷ್ಟು ಎಂದು ಎಣಿಸುವುದು ಪ್ರತಿಕ್ರಮಣದಷ್ಟೇ ಅಗತ್ಯವೆಂದರೆ ಅತಿಶಯೋಕ್ತಿಯಾದೀತು. ಪ್ರತಿಕ್ರಮಣದ ಅಭ್ಯಾಸವಿರುವವರಿಗೆ ಆ ಕೆಲಸ ಸುಲಭವೆಂದಾದರೂ ಹೇಳಬಹುದು.

ಕಟ್ಟಿಕೊಂಡದ್ದನ್ನು ಕಳೆಯುವ ದಾರಿಯೂ ಶಾಸ್ತ್ರದಲ್ಲಿದೆ. ಕರ್ಮ ತನ್ನ ಕಾಲ ಬಂದಾಗ ಫಲ ಕೊಟ್ಟು ತಾನಾಗಿ ಉದುರುವುದು ಸವಿಪಾಕ ನಿರ್ಜರೆ. ತಪಸ್ಸಿನ ಬಲದಿಂದ ಕಾಲಕ್ಕೆ ಮುಂಚೆಯೇ ಅದನ್ನು ಉದಯಕ್ಕೆ ತಂದು ಕಳೆಯುವುದು ಅವಿಪಾಕ ನಿರ್ಜರೆ. ಪೂಜ್ಯಪಾದರು ಸರ್ವಾರ್ಥಸಿದ್ಧಿಯಲ್ಲಿ ಇದಕ್ಕೆ ಕೊಡುವ ಉಪಮೆ ಪ್ರಯತ್ನದಿಂದ ಬೇಗ ಹಣ್ಣು ಮಾಡಿದ ಮಾವು, ಹಲಸುಗಳದು. ಹುಲ್ಲಿನಲ್ಲಿ ಮಾವಿನಕಾಯಿ ಮುಚ್ಚಿಟ್ಟು ಹಣ್ಣು ಮಾಡಿದ ಮನೆಗಳಿಗೆ ಅದು ಬಿಡಿಸಿ ಹೇಳಬೇಕಾದ ಮಾತಲ್ಲ. ಕಂತನ್ನಷ್ಟೇ ಕಟ್ಟುತ್ತಾ ಇಪ್ಪತ್ತು ವರ್ಷ ಕಾಯುವವನು ಸವಿಪಾಕದವನು. ಅದೇ ಐವತ್ತು ಲಕ್ಷದ ಸಾಲಕ್ಕೆ ಪ್ರತಿ ವರ್ಷದ ಕೊನೆಯಲ್ಲಿ ಒಂದೇ ಒಂದು ಕಂತಿನಷ್ಟು ಹಣವನ್ನು ಹೆಚ್ಚುವರಿಯಾಗಿ ಅಸಲಿಗೆ ತುಂಬಿದರೆ 20 ವರ್ಷದ ಸಾಲ 16 ವರ್ಷ 9 ತಿಂಗಳಿಗೆ ತೀರುತ್ತದೆ. ಬಡ್ಡಿಯಲ್ಲಿ ಹತ್ತು ಲಕ್ಷಕ್ಕೂ ಹೆಚ್ಚು ಉಳಿಯುತ್ತದೆ. ಬದಲಾಗುವ ದರದ ಗೃಹಸಾಲವನ್ನು ಅವಧಿಗೆ ಮುನ್ನ ತೀರಿಸುವವರ ಮೇಲೆ ದಂಡಶುಲ್ಕ ಹಾಕಬಾರದೆಂದು ರಿಸರ್ವ್ ಬ್ಯಾಂಕ್ 2012ರಲ್ಲಿಯೇ ಆದೇಶಿಸಿದೆ. ಆ ಒಂದು ಕಂತಿನ ಹಣವನ್ನು ಎಲ್ಲಿಂದ ತರುವುದು ಎಂಬ ಪ್ರಶ್ನೆಗೆ ಉತ್ತರ ಭೋಗೋಪಭೋಗ ಪರಿಮಾಣ ವ್ರತದಲ್ಲಿದೆ: ಹೊಸ ಮೊಬೈಲ್, ವರ್ಷಕ್ಕೆರಡು ಪ್ರವಾಸ, ಹಬ್ಬಕ್ಕೆಂದು ಕೊಂಡು ಕಪಾಟಿನಲ್ಲೇ ಉಳಿದ ಸೀರೆ. ಇವಕ್ಕೆ ಒಂದು ಮಿತಿ ಹಾಕಿಕೊಳ್ಳುವುದು ಗೃಹಸ್ಥನ ಅಳವಿನ ತಪಸ್ಸೇ.

ನಿರ್ಜರೆಯ ಜೊತೆಗೆ ಸಂವರವೂ ಇರಬೇಕು. ಒಂದೆಡೆ ತೀರಿಸುತ್ತಾ, ಮನೆಯ ಬೆಲೆ ಏರಿತೆಂದು ಅದೇ ಮನೆಯ ಮೇಲೆ ಟಾಪ್‌ಅಪ್ ಸಾಲ ಪಡೆದು ಕಾರು ಕೊಳ್ಳುವವನ ಆಸ್ರವದ ಬಾಗಿಲು ತೆರೆದೇ ಇದೆ.

ಆಕ್ಷೇಪಗಳಿಲ್ಲದಿಲ್ಲ. ಬಾಡಿಗೆಯೂ ಖರ್ಚೇ, ಕಟ್ಟಿದ ಬಾಡಿಗೆ ಮರಳಿ ಬರುವುದಿಲ್ಲ. ಸಂಬಳ ಏರುತ್ತಾ ಹೋದಂತೆ ಕಂತು ಹಗುರವಾಗುತ್ತದೆ. ವೃದ್ಧ ತಂದೆತಾಯಿಯರನ್ನು ವರ್ಷವರ್ಷವೂ ಮನೆ ಬದಲಿಸಲು ಹೇಳಲಾಗದು. ಈ ಮೂರೂ ಒಪ್ಪತಕ್ಕ ಮಾತುಗಳು. ಮಿತವಾದ ಮನೆಗೆ ಮಿತವಾದ ಸಾಲ ಮಾಡಿದವನನ್ನು ದೂಷಿಸಲು ಶ್ರಾವಕಾಚಾರದಲ್ಲಿ ಆಧಾರವಿಲ್ಲ. ಒಪ್ಪಲಾಗದ್ದು ತೆರಿಗೆ ಉಳಿಯುತ್ತದೆಂಬ ಕಾರಣಕ್ಕೆ ಸಾಲವನ್ನು ಹಿಗ್ಗಿಸುವ ವಾದ. ಸ್ವಂತ ವಾಸದ ಮನೆಗೆ ಹಳೆಯ ತೆರಿಗೆ ಪದ್ಧತಿಯಲ್ಲಿ ಸಿಗುವ ಬಡ್ಡಿಯ ವಿನಾಯಿತಿ ವರ್ಷಕ್ಕೆ ಎರಡು ಲಕ್ಷಕ್ಕೆ ಸೀಮಿತ. ಹೊಸ ಪದ್ಧತಿಯಲ್ಲಿ ಅದೂ ಇಲ್ಲ. ಮೂವತ್ತು ರೂಪಾಯಿ ತೆರಿಗೆ ಉಳಿಸಲು ನೂರು ರೂಪಾಯಿ ಬಡ್ಡಿ ತೆರುವುದನ್ನು ಜಾಣತನವೆನ್ನಲಾದೀತೆ?

ಪರಿಗ್ರಹ ಪರಿಮಾಣದ ಮಿತಿ ಮೀರುವ ಬಗೆಗಳನ್ನು ತತ್ತ್ವಾರ್ಥಸೂತ್ರ ಎಣಿಸುವಾಗ ಕ್ಷೇತ್ರ, ವಾಸ್ತುಗಳು ಎಲ್ಲಕ್ಕೂ ಮೊದಲು ಬರುತ್ತವೆ. ಹೊಲ ಮತ್ತು ಮನೆ. ಚಿನ್ನ, ಬೆಳ್ಳಿ, ಧಾನ್ಯಗಳೆಲ್ಲ ಆಮೇಲೆ. ವ್ರತ ಸ್ವೀಕರಿಸುವಾಗ ಹಿಂದಿನವರು ಇಷ್ಟು ಎಕರೆ, ಇಷ್ಟು ಅಂಕಣದ ಮನೆ ಎಂದು ಮಿತಿ ಹೇಳಿಕೊಳ್ಳುತ್ತಿದ್ದರು. ಇಂದಿನ ಶ್ರಾವಕ ಆ ಪಟ್ಟಿಯಲ್ಲಿ ಇನ್ನೊಂದು ಸಾಲನ್ನು ಬರೆದುಕೊಳ್ಳಬೇಕಾಗಿದೆ: ಇಷ್ಟು ವರ್ಷಕ್ಕಿಂತ ಹೆಚ್ಚು ಕಾಲ ಋಣದಲ್ಲಿ ಇರತಕ್ಕದ್ದಲ್ಲ. ಬ್ಯಾಂಕಿನ ಅಧಿಕಾರಿ ಅರ್ಹತೆಯ ಮೊತ್ತವನ್ನು ಹೇಳುವ ಮೊದಲೇ, ಮುನಿಗಳ ಎದುರಿಗೋ ಬಸದಿಯ ದೇವರ ಎದುರಿಗೋ, ಗಂಡಹೆಂಡಿರಿಬ್ಬರೂ ಕುಳಿತು ಅದನ್ನು ನಿಶ್ಚಯಿಸಬೇಕು. ಅರ್ಹತೆಯನ್ನು ಬ್ಯಾಂಕು ಸಂಬಳ ನೋಡಿ ಅಳೆಯುತ್ತದೆ. ಇಚ್ಛೆಯನ್ನು ಅಳೆಯುವ ಕೆಲಸ ಅದರದ್ದಲ್ಲ.

ಸಾಲ ತೀರಿದ ದಿನ ಮಾಡಬೇಕಾದ ಕೆಲಸವೊಂದಿದೆ. ಅಡವಿಟ್ಟ ಮೂಲ ಕಾಗದಪತ್ರಗಳನ್ನು 30 ದಿನಗಳೊಳಗೆ ಮರಳಿಸಬೇಕೆಂದೂ, ಬ್ಯಾಂಕಿನ ಕಡೆಯಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕೆಂದೂ 2023ರ ಡಿಸೆಂಬರ್‌ನಿಂದ ನಿಯಮವಿದೆ. ಅವನ್ನು ಕೇಳಿ ಪಡೆದು, ಉಪನೋಂದಣಾಧಿಕಾರಿಗಳ ಕಚೇರಿಯ ದಾಖಲೆಯಲ್ಲಿ ಅಡಮಾನ ತೆಗೆಸಿ, ಹೊಸ ಋಣಭಾರ ಪ್ರಮಾಣಪತ್ರ ತರಿಸಿ ನೋಡಿಕೊಳ್ಳಬೇಕು. ಮುಂದಿನ ತಿಂಗಳ ಐದನೆಯ ತಾರೀಖು ಖಾತೆಯಲ್ಲೇ ಉಳಿಯುವ 43,391 ರೂಪಾಯಿಯಲ್ಲಿ ಎಷ್ಟು ಭಾಗ ದಾನಕ್ಕೆ ಹೋಗಬೇಕೆಂಬುದನ್ನು ಅಂದೇ ಬರೆದಿಟ್ಟರೆ ಒಳ್ಳೆಯದು; ಎರಡು ತಿಂಗಳು ಕಳೆದರೆ ಆ ಹಣಕ್ಕೆ ಬೇರೆ ದಾರಿ ಹುಟ್ಟಿಕೊಂಡಿರುತ್ತದೆ.