ಉಳಿ ಹಿಡಿದ ಹೆಣ್ಣುಮಗಳು

ನಮ್ಮ ಖಟಕ ಚಿಂಚೋಳಿಯ ಕೆಲವು ವಿದ್ಯಾರ್ಥಿಗಳನ್ನು ಕರೆದುಕೊಂಡು ಹುಮನಾಬಾದ್ ಸೀಮೆಯ ಜಲಸಂಗಿಗೆ ಹೋಗಿದ್ದೆ. ಅಲ್ಲಿಯ ಕಲ್ಮೇಶ್ವರ ದೇವಾಲಯವು ಕಲ್ಯಾಣದ ಚಾಲುಕ್ಯರ ಕಾಲದ್ದು. ಅದರ ಹೊರಗೋಡೆಯಲ್ಲಿ ಆರನೆಯ ವಿಕ್ರಮಾದಿತ್ಯನ ಕೀರ್ತಿಯನ್ನು ಶಾಸನವಾಗಿ ಬರೆಯುತ್ತ ನಿಂತ ಶಿಲಾಬಾಲಿಕೆಯೊಬ್ಬಳಿದ್ದಾಳೆ. ನಾನು ಆಕೆಯ ಭಂಗಿ, ಆಭರಣ ಎಂದು ವರ್ಣಿಸುತ್ತಿರುವಾಗ ಹಿಂದೆ ನಿಂತಿದ್ದ ಹುಡುಗಿಯೊಬ್ಬಳು ಕೇಳಿದಳು: “ಸರ್, ಈಕಿ ಕಲ್ಲಿನ ಮ್ಯಾಲ ಬರೀಲತ್ತಾಳ. ಖರೇನೇ ಕಲ್ಲು ಕಡ್ದ ಹೆಣ್ಮಕ್ಕಳು ಯಾರರೆ ಅದಾರೇನ್ರಿ?”

ನನ್ನ ವರ್ಣನೆ ಅಲ್ಲಿಗೇ ನಿಂತಿತು. ಉತ್ತರವಾಗಿ ನೆನಪಾದವರು ಕನಕಾ ಮೂರ್ತಿ.

ಅವರು ಹುಟ್ಟಿದ್ದು ೧೯೪೨ರಲ್ಲಿ, ತಿರುಮಕೂಡಲು ನರಸೀಪುರದಲ್ಲಿ. ಹೊಯ್ಸಳರ ಸೋಮನಾಥಪುರ ಅದೇ ತಾಲ್ಲೂಕಿನದು. ಅಲ್ಲಿಯ ಮೂರ್ತಿಗಳ ಕೆಳಗೆ ಮಲ್ಲಿತಮ್ಮನೇ ಮೊದಲಾದ ಶಿಲ್ಪಿಗಳ ಹೆಸರುಗಳಿವೆ. ಎಲ್ಲವೂ ಗಂಡಸರ ಹೆಸರುಗಳೇ. ತಂದೆಯಿಂದ ಮಗನಿಗೆ ಇಳಿದುಬರುವ ವಿದ್ಯೆಯಿದು. ವಿಜ್ಞಾನದ ಪದವೀಧರೆಯಾದ ಕನಕಾ ಅವರು ಬೆಂಗಳೂರಿನ ಕಲಾಮಂದಿರದಲ್ಲಿ ಚಿತ್ರಕಲೆಯನ್ನು ಕಲಿತು, ಅನಂತರ ದೇವಲಕುಂದ ವಾದಿರಾಜರ ಬಳಿ ಉಳಿ ಸುತ್ತಿಗೆಗಳನ್ನು ಹಿಡಿದರು. ಶಿಷ್ಯೆಯ ಛಲ ದೊಡ್ಡದು, ನಿಜ; ಆದರೆ ಹೆಣ್ಣುಮಗಳೊಬ್ಬಳಿಗೆ ಈ ವಿದ್ಯೆಯನ್ನು ಧಾರೆಯೆರೆದ ಗುರುವಿನ ಔದಾರ್ಯವೂ ಚಿಕ್ಕದಲ್ಲವೆಂದು ನನ್ನ ಭಾವನೆ.

ಈ ವಿದ್ಯೆಯ ಕಷ್ಟವನ್ನು ಓದುಗರು ತುಸು ಗಮನಿಸಬೇಕು. ಜೇಡಿಮಣ್ಣಿನಲ್ಲಿ ತಪ್ಪಿದರೆ ಮತ್ತೆ ಮೆತ್ತಬಹುದು. ಕಲ್ಲಿನಲ್ಲಿ ಹಾರಿಹೋದ ಚಕ್ಕೆ ಹೋದಂತೆಯೇ. ದೇವತಾಮೂರ್ತಿಗಾದರೆ ತಾಳಮಾನದ ಆಸರೆಯುಂಟು. ನವತಾಳದ ಮೂರ್ತಿಯೆಂದರೆ ಮುಖದ ಉದ್ದವೇ ಒಂದು ಅಳತೆಯಾಗಿ, ಅಂತಹ ಒಂಬತ್ತು ಅಳತೆಗಳ ಎತ್ತರ. ಬದುಕಿ ಬಾಳಿದ ಮನುಷ್ಯನ ಮುಖಕ್ಕೆ ಈ ಶಾಸ್ತ್ರ ನೆರವಾಗದು. ಅವನ ಮೂಗು ಅವನದೇ, ಕೆನ್ನೆಯ ಸುಕ್ಕು ಅವನದೇ. ಹೊಯ್ಸಳ ಸಂಪ್ರದಾಯದ ಮೂರ್ತಿಗಳನ್ನು ಕಡೆದ ಕನಕಾ ಅವರು ಈ ಎರಡನೆಯ ದಾರಿಯಲ್ಲಿಯೂ ನಡೆದರು. ತಿರುಮಕೂಡಲಿನವರೇ ಆದ ಪಿಟೀಲು ಚೌಡಯ್ಯನವರು, ವೀಣೆಯ ದೊರೆಸ್ವಾಮಿ ಅಯ್ಯಂಗಾರ್ಯರು, ನಮ್ಮ ಉತ್ತರದ ಮಲ್ಲಿಕಾರ್ಜುನ ಮನ್ಸೂರ, ಗಂಗೂಬಾಯಿ ಹಾನಗಲ್ಲ, ಭೀಮಸೇನ ಜೋಶಿ—ಇವರೆಲ್ಲರ ರೂಪಗಳೂ ಅವರ ಕೈಯಿಂದ ಮೂಡಿದವು. ನಾದವನ್ನು ಕೇಳಿ ಬಲ್ಲ ನಮಗೆ ಆ ಮುಖಗಳನ್ನು ಮೌನವಾಗಿ ಕಾಣುವುದೊಂದು ವಿಚಿತ್ರ ಅನುಭವ. ಲಾಲ್‌ಬಾಗಿನ ಪಶ್ಚಿಮದ್ವಾರದ ಕುವೆಂಪು ಪ್ರತಿಮೆ, ವಿಶ್ವೇಶ್ವರಯ್ಯ ವಸ್ತುಸಂಗ್ರಹಾಲಯದ ರೈಟ್ ಸಹೋದರರ ಶಿಲ್ಪ ಸಹ ಅವರವೇ. ಒಟ್ಟು ಕೃತಿಗಳು ೨೦೦ಕ್ಕೂ ಮಿಕ್ಕಿವೆ.

೨೦೧೧ರಲ್ಲಿ ರಾಜ್ಯ ಸರ್ಕಾರದ ಜಕಣಾಚಾರಿ ಪ್ರಶಸ್ತಿ ಅವರಿಗೆ ಸಂದಿತು. ಅದನ್ನು ಪಡೆದ ಮೊದಲ ಮಹಿಳೆ ಅವರು. ಜಕಣಾಚಾರಿಯ ಐತಿಹ್ಯವನ್ನು ನಾವೆಲ್ಲ ಬಾಲ್ಯದಿಂದ ಕೇಳಿದ್ದೇವೆ. ಕಲ್ಲಿನೊಳಗಿನ ಕಪ್ಪೆಯನ್ನು ತೋರಿಸಿ ತಂದೆಯ ತಪ್ಪನ್ನು ಕಂಡುಹಿಡಿಯುವವನು ಮಗ. ಆ ಕಥೆಯಲ್ಲಿ ಮಗಳಿಗೆ ಪಾತ್ರವೇ ಇಲ್ಲ. ಪ್ರಶಸ್ತಿ ಬರುವ ವೇಳೆಗೆ ಕನಕಾ ಅವರಿಗೆ ಎಪ್ಪತ್ತು ಸಮೀಪಿಸಿತ್ತು. ೨೦೨೧ರ ಮೇ ತಿಂಗಳಲ್ಲಿ ಕೋವಿಡ್ ಮಹಾಮಾರಿ ಅವರನ್ನು ಒಯ್ದಿತು.

ಇಷ್ಟನ್ನೂ ಗುಡಿಯ ಜಗಲಿಯ ಮೇಲೆ ಕುಳಿತೇ ಹೇಳಿದೆ. ಹುಡುಗಿ ಎದ್ದುಹೋಗಿ ಶಿಲಾಬಾಲಿಕೆಯನ್ನು ಮತ್ತೊಮ್ಮೆ ನೋಡಿದಳು. ಈ ಸಲ ಆಭರಣಗಳನ್ನಲ್ಲ, ಬರೆಯುವ ಕೈಯನ್ನು. ತಿರುಗಿ ಬಂದು, “ಉಳಿ ಎಷ್ಟು ಭಾರ ಇರ್ತದ್ರಿ, ಸರ್?” ಎಂದಳು. ಎಂ.ಎ. ಓದಿದ ನನಗೆ ಅದು ತಿಳಿದಿರಲಿಲ್ಲ.