ಬೆಂಗಳೂರಿನ ಮಳೆ, ಹೆಗ್ಗೋಡಿನ ಮಗ್ಗ
ಹುಲಿಕಲ್, ಆಗುಂಬೆಯ ಮಳೆ ಕಂಡವರಿಗೆ 2022ರ ಸೆಪ್ಟೆಂಬರ್ 4ರ ರಾತ್ರಿ ಬೆಂಗಳೂರಿನಲ್ಲಿ ಸುರಿದ 131 ಮಿ.ಮೀ. ಮಳೆ ದೊಡ್ಡದೇನಲ್ಲ. ಆದರೆ ಹೊರವರ್ತುಲ ರಸ್ತೆ ಕೆರೆಯಾಯಿತು. ಸಾಫ್ಟ್‌ವೇರ್ ನೌಕರರು ಟ್ರ್ಯಾಕ್ಟರ್ ಹತ್ತಿ ಕಚೇರಿಗೆ ಹೋದರು. ಅಮೆರಿಕ, ಯುರೋಪಿನ ಬ್ಯಾಂಕುಗಳ ಕೆಲಸ ನಡೆಯುವುದು ಇಂಥ ಕಚೇರಿಗಳಲ್ಲಿ. ಅದಕ್ಕೂ ಮುಂಚೆ, ಆಗಸ್ಟ್ 30ರ ಮಳೆಯಲ್ಲಿ ವಾಹನಗಳು ಗಂಟೆಗಟ್ಟಲೆ ನಿಂತು 225 ಕೋಟಿ ರೂಪಾಯಿ ನಷ್ಟವಾಯಿತೆಂದು ಅಲ್ಲಿನ ಕಂಪನಿಗಳ ಸಂಘ ಮುಖ್ಯಮಂತ್ರಿಗೆ ಬರೆದಿತ್ತು. ಬೆಂಗಳೂರಿನ ಪೆಟ್ಟು ಹೊರಗೆ ತಟ್ಟುವಂತೆ ಹೊರಗಿನ ಪೆಟ್ಟು ನಮಗೂ ತಟ್ಟುತ್ತದೆ: 2011ರ ಜಪಾನಿನ ಭೂಕಂಪದ ನಂತರ ಬಿಡಿಭಾಗ ಬಾರದೆ ಬಿಡದಿಯ ಟೊಯೊಟಾ ಕಾರ್ಖಾನೆ ಉತ್ಪಾದನೆ ತಗ್ಗಿಸಿತು. ಆದರೆ ನನ್ನನ್ನು ಕಾಡುವುದು ಆ 225 ಕೋಟಿಯ ಲೆಕ್ಕದ ಹೊರಗೆ ಉಳಿದವರು. ಮಲೆನಾಡಿನ ಹೆಗ್ಗೋಡಿನ ಪಕ್ಕದ ಭೀಮನಕೋಣೆಯಲ್ಲಿ ‘ಚರಕ’ ಸಹಕಾರ ಸಂಘದ ಹೆಣ್ಣುಮಕ್ಕಳು ನೇಯ್ದ ಬಟ್ಟೆ ಬೆಂಗಳೂರಿನ ‘ದೇಸಿ’ ಅಂಗಡಿಗಳಲ್ಲಿ ಮಾರಾಟವಾಗುತ್ತದೆ. ಅಲ್ಲಿ ಗಿರಾಕಿ ಮನೆಯಿಂದ ಹೊರಡದಿದ್ದರೆ ಇಲ್ಲಿಯ ದುಡಿಮೆಗೆ ಬೆಲೆ ಬರುವುದಿಲ್ಲ. ಮಲೆನಾಡಿನ ಎಷ್ಟೋ ಹಿರಿಯರ ಔಷಧಿಯ ಖರ್ಚು ಬರುವುದೂ ಬೆಂಗಳೂರಿನಲ್ಲಿರುವ ಮಕ್ಕಳ ಸಂಬಳದಿಂದ. ಕೆರೆಯಿಂದ ಕೆರೆಗೆ ನೀರು ಒಯ್ಯುತ್ತಿದ್ದ ರಾಜಕಾಲುವೆಗಳ ಮೇಲೆ ಕಟ್ಟಡ ಎಬ್ಬಿಸಿದ್ದು ಆ ಮುಳುಗಡೆಗೆ ದೊಡ್ಡ ಕಾರಣ. ಒತ್ತುವರಿ ತೆರವನ್ನು ಸರ್ಕಾರ ಅರ್ಧಕ್ಕೆ ಬಿಡಬಾರದು; ಹಾಗೆಂದು ಸಾಗರ, ಹೊಸನಗರ, ತೀರ್ಥಹಳ್ಳಿಯ ಜನರೂ ತಮ್ಮ ಶಾಸಕರನ್ನು ಒತ್ತಾಯಿಸಬೇಕು.